ಮನೆ ಹಿಂದಿನ ದರೆಯಲ್ಲಿ ಬಿಳಿ ಹೂವಿನ ಪೊದೆ: ಕಡಿಸಬೇಕಾ, ಬಿಡಬೇಕಾ?

ದರೆಮನೆ · ನಾಕ್ಸ್‌ವಿಲ್ ಹತ್ತಿರ, ಟೆನೆಸ್ಸಿ · ಜೂನ್ 11

ಎಲ್ಲರಿಗೂ ನಮಸ್ಕಾರ. ನಾವು ಈ ಮನೆಗೆ ಬಂದಿದ್ದು ಡಿಸೆಂಬರಿನಲ್ಲಿ. ಆಗ ಹಿಂದಿನ ದರೆ ಪೂರ್ತಿ ಬೋಳು. ಬರೀ ಕಡ್ಡಿ, ತರಗೆಲೆ. ಏಪ್ರಿಲ್ ಬಂದಿದ್ದೇ ತಡ, ಇಡೀ ದರೆ ಹಸಿರಾಯಿತು. ಈಗ ಅಲ್ಲಿ ಒಂದೇ ಜಾತಿಯ ಇಪ್ಪತ್ತು ಇಪ್ಪತ್ತೈದು ಪೊದೆಗಳು ಬಿಳಿ ಹೂ ಬಿಟ್ಟಿವೆ. ಕೆಲವು ಸೊಂಟದಷ್ಟು ಎತ್ತರ, ಕೆಲವು ಎದೆಮಟ್ಟ. ದರೆಯ ಕೆಳಗೆ ಸಣ್ಣ ಹಳ್ಳ ಹರಿಯುತ್ತದೆ. ಮೇಲೆಲ್ಲ ದೊಡ್ಡ ಮರಗಳು.

ಅತ್ತೆ ಶಿರಸಿಯಿಂದ ಬಂದಿದ್ದಾರೆ. ಎಲೆ ನೋಡಿ "ಇದು ಹೈಡ್ರೇಂಜಿಯಾ ಥರ ಇದೆಯಲ್ಲೇ" ಅಂದರು. ನಾನು ನೋಡಿರುವುದು ಮಡಿಕೇರಿಯಲ್ಲಿ ಚಿಕ್ಕಮ್ಮನ ಮನೆ ಮುಂದಿನ ನೀಲಿ ಚೆಂಡು ಹೂ. ಇದು ಹಾಗಿಲ್ಲ. ಗೊಂಚಲು ತಟ್ಟೆಯ ಹಾಗೆ ಚಪ್ಪಟೆ. ತುಂಬಾ ಸಣ್ಣ ಸಣ್ಣ ಹೂ. ಅಂಚಿನಲ್ಲಿ ಮಾತ್ರ ಎರಡೋ ಮೂರೋ ದೊಡ್ಡ ದಳದ ಹೂ. ಕೆಲವು ಗೊಂಚಲಲ್ಲಿ ಅದೂ ಇಲ್ಲ.

ದರೆಯನ್ನು ಪೂರ್ತಿ ಸವರಿ ಹುಲ್ಲು ಹಾಕಿಕೊಡುತ್ತೇವೆ ಅಂತ ತೋಟದ ಕೆಲಸದವರು ಲೆಕ್ಕ ಕೊಟ್ಟಿದ್ದಾರೆ. ಮುಂದಿನ ಶನಿವಾರ ಬರುತ್ತಾರೆ. ಅಷ್ಟರಲ್ಲಿ ಇದು ಏನು ಅಂತ ತಿಳಿಯಬೇಕು. ಯಾರಾದರೂ ಹೇಳುತ್ತೀರಾ?

ಎಲೆಮರೆ · ಆಶ್ವಿಲ್, ನಾರ್ತ್ ಕ್ಯಾರೊಲಿನಾ · ಜೂನ್ 11

ಅಕ್ಕಾ, ದಯವಿಟ್ಟು ಶನಿವಾರದ ಕೆಲಸ ನಿಲ್ಲಿಸಿ. ಮೊದಲು ಫೋನ್ ಮಾಡಿ, ಆಮೇಲೆ ಇದನ್ನು ಓದಿ.

ನಿಮ್ಮ ಅತ್ತೆ ಹೇಳಿದ್ದು ಸರಿ ಇರಬೇಕು. ಇದು ಇಲ್ಲಿಯದೇ ಆದ ಕಾಡು ಹೈಡ್ರೇಂಜಿಯಾ, ಹೈಡ್ರೇಂಜಿಯಾ ಆರ್ಬೊರೆಸೆನ್ಸ್. ಚಿಕ್ಕಮ್ಮನ ಮನೆಯ ನೀಲಿ ಹೂವಿನದು ಜಪಾನಿನ ಜಾತಿ. ಎರಡೂ ಒಂದೇ ಕುಟುಂಬ, ಊರು ಬೇರೆ.

ಖಾತ್ರಿ ಮಾಡಿಕೊಳ್ಳಲು ನಾಲ್ಕು ಕಡೆ ನೋಡಿ. ಎಲೆಗಳು ಕಡ್ಡಿಯ ಮೇಲೆ ಎದುರುಬದುರು ಜೋಡಿಯಾಗಿ ಇರಬೇಕು, ಅಂಚು ಗರಗಸದ ಹಾಗೆ. ಹಳೆ ಕಡ್ಡಿಯ ತೊಗಟೆ ಪದರ ಪದರವಾಗಿ ಸುಲಿದಿರಬೇಕು. ಇಲ್ಲಿನ ಹಳಬರು ಇದಕ್ಕೆ 'ಏಳು ತೊಗಟೆ' ಅನ್ನುವ ಅರ್ಥದ ಹೆಸರು ಇಟ್ಟಿದ್ದು ಅದಕ್ಕೇ. ಹೋದ ವರ್ಷದ ಒಣ ಗೊಂಚಲು ಇನ್ನೂ ಉಳಿದಿದ್ದರೆ ಅದರ ಕಾಯಿ ನೋಡಿ. ಸಾಸಿವೆಗಿಂತ ಸ್ವಲ್ಪ ದೊಡ್ಡದು, ತಂಬಿಗೆಯ ಆಕಾರ, ಮೈಮೇಲೆ ಗೆರೆ, ಬಾಯಲ್ಲಿ ಎರಡು ಪುಟ್ಟ ಕೊಂಬು. ಹೈಡ್ರೇಂಜಿಯಾ ಅನ್ನುವ ಗ್ರೀಕ್ ಹೆಸರಿನ ಅರ್ಥವೇ ನೀರಿನ ಪಾತ್ರೆ. ಅದು ಬಂದದ್ದು ಈ ಕಾಯಿಯಿಂದ, ಗಿಡ ನೀರು ಕುಡಿಯುತ್ತದೆ ಅಂತ ಅಲ್ಲ.

ನಾಲ್ಕನೆಯದು ಎಲೆಯ ತಳ. ತಳವೂ ಹಸಿರು, ನರಗಳ ಮೇಲೆ ಮಾತ್ರ ಸ್ವಲ್ಪ ರೋಮ ಇದ್ದರೆ ಆರ್ಬೊರೆಸೆನ್ಸ್. ತಳ ಬೂದಿ ಬಣ್ಣಕ್ಕಿದ್ದು ಮುಟ್ಟಿದರೆ ಮೆತ್ತಗಿದ್ದರೆ ಅದು ಸಿನೇರಿಯಾ. ಸುಣ್ಣ ಬಳಿದ ಹಾಗೆ ಪೂರ್ತಿ ಬಿಳಿ ಇದ್ದರೆ ರೇಡಿಯೇಟಾ, ಅಂದರೆ ಬೆಳ್ಳಿ ಎಲೆಯದು. ಈ ಮೂರನ್ನೂ ಒಂದೇ ಜಾತಿಯ ಬಗೆಗಳು ಅಂತ ಮೊದಲು ಎಣಿಸುತ್ತಿದ್ದರು. ಈಗ ಬಹಳ ಜನ ಬೇರೆ ಬೇರೆ ಜಾತಿ ಅನ್ನುತ್ತಾರೆ.

ದರೆಗೆ ಇಳಿಯುವಾಗ ಪೂರ್ತಿ ಕೈ ಮುಚ್ಚುವ ಅಂಗಿ ಹಾಕಿಕೊಳ್ಳಿ. ಮೈಗೆ ತಾಗಿದರೆ ತುರಿಕೆ ಬರಿಸುವ, ಮೂರು ಮೂರು ಎಲೆಯ ಪಾಯ್ಸನ್ ಐವಿ ಬಳ್ಳಿ ಇಂಥ ಜಾಗದಲ್ಲೇ ಜಾಸ್ತಿ.

ದರೆಮನೆ · ಜೂನ್ 12

ಫೋನ್ ಮಾಡಿದೆ. ಎರಡು ವಾರ ಮುಂದೆ ಹಾಕಿದ್ದೇನೆ.

ಇವತ್ತು ಬೆಳಿಗ್ಗೆ ಅತ್ತೆಯೂ ನಾನೂ ಇಳಿದು ನೋಡಿದೆವು. ಎಲೆ ಜೋಡಿ ಜೋಡಿ. ತಳ ಹಸಿರೇ. ತೊಗಟೆ ಕಾಗದದ ಹಾಗೆ ಸುಲಿದು ಬಂತು. ಒಣ ಗೊಂಚಲೂ ಸಿಕ್ಕಿತು. ಅತ್ತೆ ಕನ್ನಡಕ ಹಾಕಿಕೊಂಡು ಆ ಕಾಯಿ ನೋಡಿ "ಅಯ್ಯೋ, ಹೌದೇ, ತಂಬಿಗೆ!" ಅಂದರು. ಅವರಿಗೆ ತುಂಬಾ ಖುಷಿಯಾಯಿತು.

ಈಗ ನನ್ನ ಪ್ರಶ್ನೆ. ಯಾರೂ ನೆಡದೆ ಇಷ್ಟೊಂದು ಗಿಡ ಇಲ್ಲೇ ಯಾಕೆ? ಪಕ್ಕದ ಮನೆಯ ಜಾಗದಲ್ಲೂ ಮರ ಇದೆ, ಇಳಿಜಾರೂ ಇದೆ. ಅಲ್ಲಿ ಒಂದೂ ಇಲ್ಲ.

ನಕ್ಷೆಗಾರ · ರೋನೋಕ್, ವರ್ಜೀನಿಯಾ · ಜೂನ್ 12

ತುಂಬಾ ಒಳ್ಳೆ ಪ್ರಶ್ನೆ. ಇದರ ಮೇಲೆ ನಾನು ಹತ್ತು ವರ್ಷದಿಂದ ಕಾಡು ಸುತ್ತುತ್ತಿದ್ದೇನೆ, ಹಾಗಾಗಿ ಸ್ವಲ್ಪ ಉದ್ದ ಬರೆಯುತ್ತೇನೆ.

ನಕ್ಷೆಯಲ್ಲಿ ನೋಡಿದರೆ ಇದರ ನೆಲೆ ದೊಡ್ಡದು. ಉತ್ತರದಲ್ಲಿ ನ್ಯೂಯಾರ್ಕ್ ರಾಜ್ಯದ ದಕ್ಷಿಣ ಭಾಗದಿಂದ ಹಿಡಿದು ಕೆಳಗೆ ಫ್ಲಾರಿಡಾದ ವಾಯವ್ಯ ಮೂಲೆಯವರೆಗೆ. ಪಶ್ಚಿಮಕ್ಕೆ ಇಲಿನಾಯ್, ಮಿಸೌರಿ, ಅರ್ಕನ್ಸಾ ದಾಟಿ ಒಕ್ಲಹೋಮಾದ ಪೂರ್ವ ಅಂಚಿನವರೆಗೆ. ಆದರೆ ಈ ನಕ್ಷೆಗೆ ಪೂರ್ತಿ ಹಸಿರು ಬಣ್ಣ ಬಳಿದರೆ ಅದು ಸುಳ್ಳಾಗುತ್ತದೆ. ಗಿಡ ದಟ್ಟವಾಗಿ ಇರುವುದು ಅಪಲೇಚಿಯನ್ ಬೆಟ್ಟಸಾಲು, ಕಂಬರ್ಲ್ಯಾಂಡ್ ಪ್ರಸ್ಥಭೂಮಿ, ಒಹಾಯೋ ಕಣಿವೆಯ ಕೊಳ್ಳಗಳು, ಆಮೇಲೆ ಓಝಾರ್ಕ್ ಬೆಟ್ಟಗಳಲ್ಲಿ. ಕಡಲ ಕಡೆಯ ಬಯಲಿಗೆ ಇಳಿದರೆ ಅಪರೂಪ. ಎಲ್ಲಿ ಬೆಟ್ಟ ಮುಗಿಯುತ್ತದೋ ಅಲ್ಲಿ ಇದೂ ತೆಳುವಾಗುತ್ತದೆ.

ನಿಮ್ಮ ದರೆ ಯಾವ ದಿಕ್ಕಿಗೆ ಮುಖ ಮಾಡಿದೆ? ಉತ್ತರಕ್ಕೋ ಪೂರ್ವಕ್ಕೋ ಇರಬೇಕು. ಪಕ್ಕದವರದು ದಕ್ಷಿಣಕ್ಕೋ ಪಶ್ಚಿಮಕ್ಕೋ ತಿರುಗಿರಬೇಕು. ಊರಿನಲ್ಲಿ ನಮಗೆ ಇದು ಅಷ್ಟಾಗಿ ಗೊತ್ತಾಗುವುದಿಲ್ಲ. ಸಾಗರ, ಶಿರಸಿ ಕಡೆ ಬೇಸಿಗೆಯಲ್ಲಿ ಸೂರ್ಯ ನೆತ್ತಿ ಮೇಲೇ ಬರುತ್ತಾನೆ, ಕೆಲವು ತಿಂಗಳು ನೆತ್ತಿಯಿಂದ ಉತ್ತರಕ್ಕೂ ವಾಲುತ್ತಾನೆ. ಗುಡ್ಡದ ಎರಡೂ ಮಗ್ಗುಲಿಗೆ ಬಿಸಿಲು ಸಿಗುತ್ತದೆ. ಟೆನೆಸ್ಸಿಯಲ್ಲಿ ಹಾಗಲ್ಲ. ಅಲ್ಲಿ ಸೂರ್ಯ ವರ್ಷಪೂರ್ತಿ ದಕ್ಷಿಣಕ್ಕೇ ವಾಲಿರುತ್ತಾನೆ. ಹಾಗಾಗಿ ದಕ್ಷಿಣದ ಮಗ್ಗುಲು ಬೇಗ ಒಣಗುತ್ತದೆ, ಉತ್ತರದ ಮಗ್ಗುಲು ತಂಪಾಗಿ ಇರುತ್ತದೆ. ಒಂದೇ ಗುಡ್ಡ, ಎರಡು ಬೇರೆ ಕಾಡು. ಈಚೆ ಟುಲಿಪ್ ಪಾಪ್ಲರ್, ಬಾಸ್‌ವುಡ್, ಸಕ್ಕರೆ ಮೇಪಲ್. ಆಚೆ ಒಣ ಓಕ್, ಪೈನ್.

ಕಾಡು ಹೈಡ್ರೇಂಜಿಯಾ ಈಚೆ ಮಗ್ಗುಲಿನ ಗಿಡ. ಇದಕ್ಕೆ ಎರಡು ಬೇಕು, ಎರಡೂ ಒಟ್ಟಿಗೆ ಬೇಕು. ಮಣ್ಣು ಯಾವಾಗಲೂ ತೇವ ಇರಬೇಕು, ನೀರು ಮಾತ್ರ ನಿಲ್ಲಬಾರದು. ಬಯಲಿನಲ್ಲಿ ತೇವ ಇದ್ದರೆ ನೀರು ನಿಲ್ಲುತ್ತದೆ, ನೀರು ಬಸಿದರೆ ಒಣಗುತ್ತದೆ. ಇವೆರಡೂ ಒಟ್ಟಿಗೆ ಸಿಗುವುದು ನೆರಳಿರುವ ಇಳಿಜಾರಿನಲ್ಲಿ. ಮೇಲಿನಿಂದ ನೀರು ಮಣ್ಣೊಳಗೆ ಜಿನುಗುತ್ತಾ ಬಂದು ಬೇರು ತೊಳೆದು ಕೆಳಗೆ ಹೋಗುತ್ತದೆ. ನಿಮ್ಮ ದರೆ ಅಂಥದು.

ದರೆಮನೆ · ಜೂನ್ 12

ಉತ್ತರವೇ ಸರ್! ಫೋನಿನ ದಿಕ್ಸೂಚಿ ಇಟ್ಟು ನೋಡಿದೆ. ಪಕ್ಕದವರದು ನೈಋತ್ಯ.

ಬಂಡೆಹತ್ತಿ · ಕೊಲಂಬಸ್, ಒಹಾಯೋ · ಜೂನ್ 13

ನಕ್ಷೆಗಾರ ಅವರ ಮಾತಿಗೆ ನನ್ನದೊಂದು ಸೇರಿಸುತ್ತೇನೆ. ಇಲ್ಲಿ ಹಾಕಿಂಗ್ ಹಿಲ್ಸ್ ಅಂತ ಇದೆ. ಮರಳುಗಲ್ಲಿನ ಆಳವಾದ ಕೊಳ್ಳಗಳು, ಅಲ್ಲಲ್ಲಿ ಅಬ್ಬಿ. ಅಲ್ಲಿ ಈ ಗಿಡ ನೆಲ ಬಿಟ್ಟು ಬಂಡೆಯ ಬಿರುಕಿನಲ್ಲೇ ಬೆಳೆಯುತ್ತದೆ. ಜೂನ್ ಕೊನೆಗೆ ಹೋದರೆ ಒದ್ದೆ ಗೋಡೆಯಿಂದ ಬಿಳಿ ತಟ್ಟೆಗಳು ಮುಂದಕ್ಕೆ ಚಾಚಿರುತ್ತವೆ. ಪಕ್ಕದಲ್ಲಿ ಜರಿಗಿಡ, ಹಾವಸೆ. ಮೊದಲ ಸಲ ನೋಡಿದಾಗ ನನಗೆ ನಮ್ಮೂರಿನ ಮಳೆಗಾಲದ ದರೆಗಳೇ ನೆನಪಾದವು. ಸುಮಾರು ಹೊತ್ತು ಅಲ್ಲೇ ನಿಂತಿದ್ದೆ.

ಆದರೆ ಬರೀ ಮರಳುಗಲ್ಲಲ್ಲ. ಕೆಂಟಕಿಯಲ್ಲಿ ಮ್ಯಾಮತ್ ಕೇವ್ ಸುತ್ತಮುತ್ತ ಸುಣ್ಣಕಲ್ಲು. ಅಲ್ಲೂ ಧಾರಾಳವಾಗಿ ಇದೆ. ಹುಳಿ ಮಣ್ಣಾದರೂ ಸರಿ, ಸುಣ್ಣದ ಮಣ್ಣಾದರೂ ಸರಿ, ಇದು ಹೊಂದಿಕೊಳ್ಳುತ್ತದೆ. ತೇವದ ವಿಷಯದಲ್ಲಿ ಮಾತ್ರ ರಾಜಿ ಇಲ್ಲ.

ಕಾಫಿತೋಟ · ಮಡಿಕೇರಿ · ಜೂನ್ 13

ಊರಿನಿಂದ ಒಂದು ಪ್ರಶ್ನೆ. ನಮ್ಮ ಹೈಡ್ರೇಂಜಿಯಾ ಹುಳಿ ಮಣ್ಣಲ್ಲಿ ನೀಲಿ, ಸುಣ್ಣ ಹಾಕಿದರೆ ಗುಲಾಬಿ. ನಿಮ್ಮ ಕಾಡಿನದೂ ಹಾಗೇ ಬಣ್ಣ ಬದಲಿಸುತ್ತದಾ? ಬೀಜ ತರಿಸಿ ಇಲ್ಲಿ ಬೆಳೆಸಬಹುದಾ?

ಎಲೆಮರೆ · ಜೂನ್ 13

ಬದಲಿಸುವುದಿಲ್ಲ ಅಣ್ಣ. ಹುಳಿ ಮಣ್ಣಲ್ಲಿ ಅಲ್ಯೂಮಿನಿಯಂ ಕರಗಿ ಗಿಡಕ್ಕೆ ಸೇರುತ್ತದೆ, ಅದರಿಂದ ಜಪಾನಿನ ಜಾತಿಯ ಹೂ ನೀಲಿಯಾಗುತ್ತದೆ. ಅದಕ್ಕೆ ಆ ಹೂವಿನೊಳಗೆ ಬಣ್ಣದ ಅಂಶ ಮೊದಲೇ ಇರಬೇಕು. ಕಾಡಿನ ಆರ್ಬೊರೆಸೆನ್ಸ್ ಬಿಳಿಯೇ. ಬಿಡುವಾಗ ಸ್ವಲ್ಪ ಹಸಿರು, ಅರಳಿದಾಗ ಕೆನೆ ಬಿಳಿ, ಬಾಡಿದಾಗ ಮತ್ತೆ ಹಸಿರು, ಕೊನೆಗೆ ಕಂದು.

ಬೀಜ ತರಿಸುವುದು ಬೇಡ ಅನ್ನುವುದು ನನ್ನ ಅಭಿಪ್ರಾಯ. ಚಳಿಗಾಲದಲ್ಲಿ ಎಲೆ ಉದುರಿಸಿ ತಿಂಗಳುಗಟ್ಟಲೆ ಮಲಗುವ ಗಿಡ ಇದು. ಕೊಡಗಿನಲ್ಲಿ ಆ ನಿದ್ದೆ ಎಲ್ಲಿ ಸಿಗುತ್ತದೆ? ಭಾರತದ ಕಾಡು ಹೈಡ್ರೇಂಜಿಯಾ ನೋಡಬೇಕೆಂದರೆ ಹಿಮಾಲಯಕ್ಕೆ ಹೋಗಿ. ಹೆಟೆರೊಮಲ್ಲಾ, ರೊಬಸ್ಟಾ, ಮರ ಹತ್ತುವ ಅನೋಮಲಾ, ಎಲ್ಲ ಅಲ್ಲಿ ತಾನಾಗಿ ಬೆಳೆಯುತ್ತವೆ. ಪಶ್ಚಿಮ ಘಟ್ಟದಲ್ಲಿ ತಾನಾಗಿ ಬೆಳೆಯುವ ಹೈಡ್ರೇಂಜಿಯಾ ಇಲ್ಲ. ನಮ್ಮಲ್ಲಿ ಇರುವುದೆಲ್ಲ ನೆಟ್ಟಿದ್ದು.

ಹುಳುಗಳನ್ನು ಕರೆಯಲು ಕಾಡು ಹೈಡ್ರೇಂಜಿಯಾ ಮಾಡುವ ಉಪಾಯವನ್ನೇ ಮಾಡುವ ಗಿಡ ಮಾತ್ರ ಘಟ್ಟದಲ್ಲಿ ಇದೆ. ಮುಸ್ಸೆಂಡ, ಬೆಳ್ಳಟ್ಟೆ ಅನ್ನುತ್ತಾರಲ್ಲ, ಅದು. ಚಿಕ್ಕ ಕಿತ್ತಳೆ ಹೂ, ಪಕ್ಕದಲ್ಲಿ ದೊಡ್ಡ ಬಿಳಿ ಎಲೆಯಂಥದು ಒಂದು. ಆ ಬಿಳಿ ಭಾಗ ದೂರದಿಂದ ಚಿಟ್ಟೆಯನ್ನು ಕರೆಯುತ್ತದೆ. ಕಾಡು ಹೈಡ್ರೇಂಜಿಯಾದ ಅಂಚಿನ ದೊಡ್ಡ ಹೂಗಳ ಕೆಲಸವೂ ಅದೇ. ಅವು ಬೀಜ ಕಟ್ಟುವುದಿಲ್ಲ, ಸುಮ್ನೆ ಕೈ ಬೀಸಿ ಕರೆಯುತ್ತವೆ. ಕಾಯಿ ಕಟ್ಟುವುದು ಮಧ್ಯದ ಸಣ್ಣ ಹೂಗಳು. ಎರಡೂ ಬೇರೆ ಬೇರೆ ಕುಟುಂಬ, ಸಂಬಂಧವೇ ಇಲ್ಲ. ಆದರೂ ಒಂದೇ ದಾರಿ ಹಿಡಿದಿವೆ. ನನಗಂತೂ ಇದು ಪ್ರತಿ ಸಲ ನೋಡಿದಾಗಲೂ ಬೆರಗು.

ಮೆಕ್ಕೆಜೋಳ · ಅರ್ಬಾನಾ, ಇಲಿನಾಯ್ · ಜೂನ್ 14

ನೀವೆಲ್ಲ ಕಾಡಿನದರ ಬಗ್ಗೆ ಮಾತಾಡುತ್ತಿದ್ದೀರಿ. ನಮ್ಮ ಮನೆ ಮುಂದಿನ ಅನಾಬೆಲ್ ಕೂಡ ಇದೇ ಜಾತಿ ಅಲ್ವಾ? ಅದರ ಕತೆ ಇಲ್ಲಿ ಹೇಳಲೇಬೇಕು.

ಇಲಿನಾಯ್ ದಕ್ಷಿಣದಲ್ಲಿ ಆ್ಯನಾ ಅಂತ ಊರು. ಅಲ್ಲಿ ಬಯಲು ಮುಗಿದು ಶಾನಿ ಬೆಟ್ಟಗಳು ಶುರುವಾಗುತ್ತವೆ. 1910ರ ಸುಮಾರಿಗೆ ಹ್ಯಾರಿಯೆಟ್ ಕರ್ಕ್‌ಪ್ಯಾಟ್ರಿಕ್ ಎನ್ನುವವರು ಕುದುರೆ ಮೇಲೆ ಕಾಡಿನಲ್ಲಿ ಹೋಗುವಾಗ ಒಂದು ಪೊದೆ ಕಂಡರು. ಉಳಿದವೆಲ್ಲ ಚಪ್ಪಟೆ ಹೂ, ಇದೊಂದು ಮಾತ್ರ ದೊಡ್ಡ ಬಿಳಿ ಚೆಂಡು. ಆಮೇಲೆ ಅದನ್ನು ಕಿತ್ತು ತಂದು ಮನೆಯಲ್ಲಿ ನೆಟ್ಟರು. ಅಕ್ಕಪಕ್ಕದವರು ಬುಡ ಸೀಳಿ ತೆಗೆದುಕೊಂಡು ಹೋದರು. ನಮ್ಮಲ್ಲಿ ಡೇರೆ ಗೆಡ್ಡೆ ಮನೆಯಿಂದ ಮನೆಗೆ ಹೋಗುತ್ತದಲ್ಲ, ಹಾಗೆ. ಐವತ್ತು ವರ್ಷ ಹೀಗೇ ಹರಡಿತು. ಇಲಿನಾಯ್ ವಿಶ್ವವಿದ್ಯಾಲಯದ ಜೋಸೆಫ್ ಮೆಕ್‌ಡೇನಿಯಲ್ ಅದನ್ನು ನಮ್ಮ ಅರ್ಬಾನಾದ ಒಂದು ತೋಟದಲ್ಲಿ ಕಂಡು, ಜಾಡು ಹಿಡಿದು ಆ್ಯನಾವರೆಗೂ ಹೋದರು. 1962ರಲ್ಲಿ ಅದಕ್ಕೆ ಅನಾಬೆಲ್ ಅಂತ ಹೆಸರಿಟ್ಟು ಹೊರತಂದರು. ಈಗ ಜಗತ್ತಿನ ಎಷ್ಟೋ ತೋಟದಲ್ಲಿ ಇರುವುದು ಆ ಒಂದೇ ಕಾಡುಪೊದೆಯ ಮರಿಗಳು.

ಜೇನುಗೂಡು · ವಿಲ್ಮಿಂಗ್ಟನ್, ಡೆಲವೇರ್ · ಜೂನ್ 14

ಕತೆ ಚೆನ್ನಾಗಿದೆ. ಆದರೆ ಅನಾಬೆಲ್ ನೆಟ್ಟು "ನಾನು ಜೇನಿಗೆ ಸಹಾಯ ಮಾಡಿದೆ" ಅಂದುಕೊಳ್ಳಬಾರದು. ಅದರ ಚೆಂಡಿನಲ್ಲಿ ಹೆಚ್ಚುಕಡಿಮೆ ಎಲ್ಲವೂ ಬಂಜೆ ಹೂ. ಒಳಗೆ ಅಲ್ಲೊಂದು ಇಲ್ಲೊಂದು ಫಲದ ಹೂ ಇದ್ದರೂ ಹುಳುವಿಗೆ ದಾರಿ ಸಿಗುವುದಿಲ್ಲ. ನಮ್ಮ ಹತ್ತಿರದ ಮೌಂಟ್ ಕ್ಯೂಬಾ ಸೆಂಟರ್‌ನವರು ಕಾಡು ಹೈಡ್ರೇಂಜಿಯಾದ ಬಗೆಗಳನ್ನು ಹಲವು ವರ್ಷ ಪಕ್ಕಪಕ್ಕದಲ್ಲೇ ಬೆಳೆಸಿ ನೋಡಿದ್ದಾರೆ. ಚಪ್ಪಟೆ ಹೂವಿನ ಬಗೆಗಳಿಗೆ ಜೇನು, ಹುಳ ಬರುವುದು ಜಾಸ್ತಿ. ಅವರ ಪರೀಕ್ಷೆಯಲ್ಲಿ ಮೇಲೆ ಬಂದ ಹಾಸ್ ಹೇಲೋ ಕೂಡ ಚಪ್ಪಟೆ ಹೂವಿನದೇ.

ದರೆಮನೆ ಅಕ್ಕಾ, ಈಗ ಬಿಸಿಲೇರಿದ ಮೇಲೆ ಒಂದು ಗೊಂಚಲಿನ ಮುಂದೆ ಹತ್ತು ನಿಮಿಷ ಕೂತು ನೋಡಿ. ಸಣ್ಣ ಕಾಡುಜೇನು, ಉದ್ದ ಮೀಸೆಯ ಜೀರುಂಡೆ, ಹೂನೊಣ, ಎಷ್ಟು ಬರುತ್ತವೆ ಅಂತ.

ಮೆಕ್ಕೆಜೋಳ · ಜೂನ್ 15

ಒಪ್ಪುತ್ತೇನೆ, ಪೂರ್ತಿ ಅಲ್ಲ. ಅನಾಬೆಲ್‌ನಿಂದಲೇ ನನಗೆ ಈ ಗಿಡದ ಪರಿಚಯ ಆಯಿತು. ಅದು ಇಲ್ಲದಿದ್ದರೆ ಶಾನಿ ಬೆಟ್ಟಕ್ಕೆ ಹೋಗಿ ಕಾಡಿನದನ್ನು ಹುಡುಕುತ್ತಲೇ ಇರಲಿಲ್ಲ. ಮನೆ ಮುಂದೆ ಅದೂ ಇರಲಿ. ಹಿತ್ತಲಿಗೆ ಚಪ್ಪಟೆ ಹೂವಿನದು ತರುತ್ತೇನೆ. ಮಳೆ ಬಂದಾಗ ಅನಾಬೆಲ್ ಚೆಂಡು ನೀರು ಕುಡಿದು ನೆಲಕ್ಕೆ ಒರಗುವುದು ನಿಜ. ಕಾಡಿನದು ಹಾಗೆ ಬೀಳುವುದಿಲ್ಲ.

ಕೆಂಪುಮಣ್ಣು · ಡಲ್ಲಾಸ್, ಟೆಕ್ಸಸ್ · ಜೂನ್ 16

ನನಗೆ ಇದನ್ನೆಲ್ಲ ಓದಿ ಹೊಟ್ಟೆ ಉರಿಯಿತು. ಇಲ್ಲಿನ ಒಂದು ನರ್ಸರಿಯಲ್ಲಿ "ಅಮೆರಿಕದ ನೇಟಿವ್ ಗಿಡ, ಏನೂ ಆರೈಕೆ ಬೇಡ" ಅಂತ ಚೀಟಿ ಹಾಕಿದ್ದರು. ನಂಬಿ ಮೂರು ಗಿಡ ತಂದೆ. ಎರಡು ಬೇಸಿಗೆ ನೀರು ಹಾಕಿದ್ದೇ ಹಾಕಿದ್ದು. ಜುಲೈ ಬಂದರೆ ಎಲೆ ಸುಟ್ಟು ಕಂದು. ಈ ವರ್ಷ ಮೂರೂ ಸತ್ತವು. ನನ್ನ ಕೈ ಗುಣವೇ ಸರಿ ಇಲ್ಲ ಅಂತ ಬೇಜಾರು ಮಾಡಿಕೊಂಡಿದ್ದೆ.

ನಕ್ಷೆಗಾರ · ಜೂನ್ 16

ನಿಮ್ಮ ಕೈಯದು ಏನೂ ತಪ್ಪಿಲ್ಲ. ಅಮೆರಿಕದ ನೇಟಿವ್ ಅನ್ನುವ ಮಾತಿಗೆ ಅರ್ಥವೇ ಇಲ್ಲ. ಆಗುಂಬೆಯ ಗಿಡವನ್ನು ರಾಯಚೂರಿನಲ್ಲಿ ನೆಟ್ಟು ಕರ್ನಾಟಕದ್ದೇ ಅಲ್ವಾ ಅಂದ ಹಾಗೆ. ಇದು ದೇಶಕ್ಕೆ ಸೇರಿದ ಗಿಡವಲ್ಲ, ರಾಜ್ಯಕ್ಕೂ ಅಲ್ಲ. ಗುಡ್ಡದ ಒಂದು ಮಗ್ಗುಲಿಗೆ ಸೇರಿದ್ದು. ದರೆಮನೆ ಅವರ ಪಕ್ಕದ ಮನೆಯಲ್ಲೇ ಇಲ್ಲ ನೋಡಿ. ಬೇರು ಆಳಕ್ಕೆ ಹೋಗುವುದಿಲ್ಲ, ಎಲೆ ದೊಡ್ಡದು, ತೆಳು. ಡಲ್ಲಾಸಿನ ಜೇಡಿಮಣ್ಣು ಬೇಸಿಗೆಯಲ್ಲಿ ಬಿರುಕು ಬಿಡುತ್ತದೆ. ಅಂಥಲ್ಲಿ ಇದು ಬದುಕಿದ್ದರೆ ಅದೇ ಆಶ್ಚರ್ಯ.

ಹೈಡ್ರೇಂಜಿಯಾವೇ ಬೇಕು ಅಂದರೆ ಓಕ್ ಎಲೆಯದು, ಕ್ವೆರ್ಸಿಫೋಲಿಯಾ, ನೋಡಿ. ಅದರ ಸ್ವಂತ ಊರು ಅಲಬಾಮಾ, ಜಾರ್ಜಿಯಾ, ಮಿಸಿಸಿಪಿ ಕಡೆ. ಅಲಬಾಮಾದ ರಾಜ್ಯ ಕಾಡುಹೂವು ಅದೇ. ಬಿಸಿ, ಒಣ ಇದಕ್ಕಿಂತ ಚೆನ್ನಾಗಿ ತಡೆಯುತ್ತದೆ. ಆದರೂ ಮಧ್ಯಾಹ್ನದ ನೆರಳು, ಏರುಮಡಿ, ಕೊಳೆತ ಎಲೆಗೊಬ್ಬರ ಇವೆಲ್ಲ ಬೇಕೇ ಬೇಕು. ಟೆಕ್ಸಸ್ ಅದಕ್ಕೂ ಸ್ವಂತ ಊರಲ್ಲ.

ಕೆಂಪುಮಣ್ಣು · ಜೂನ್ 16

ಮನಸ್ಸು ಹಗುರ ಆಯಿತು ಸರ್. ಮೊದಲೇ ಯಾರಾದರೂ ಹೀಗೆ ಹೇಳಿದ್ದರೆ ಮೂರು ಗಿಡ ಉಳಿಯುತ್ತಿತ್ತು.

ಹಳೇಪೇಟೆ · ಅಟ್ಲಾಂಟಾ, ಜಾರ್ಜಿಯಾ · ಜೂನ್ 17

ಇದರ ಬೇರು ಕಿಡ್ನಿ ಕಲ್ಲಿಗೆ ಒಳ್ಳೆಯದು ಅಂತ ಎಲ್ಲೋ ಓದಿದ್ದೆ. ನಮ್ಮ ಮನೆಯಲ್ಲಿ ನೆಗ್ಗಿಲ ಮುಳ್ಳಿನ ಕಷಾಯ ಮಾಡುತ್ತಿದ್ದರು. ಇದೂ ಹಾಗೇನಾ?

ಎಲೆಮರೆ · ಜೂನ್ 17

ದಯವಿಟ್ಟು ಮಾಡಬೇಡಿ. ಈ ಬೆಟ್ಟಗಳ ಚೆರೊಕೀ ಜನ ಇದರ ಬೇರು, ತೊಗಟೆಯನ್ನು ಮದ್ದಿಗೆ ಬಳಸುತ್ತಿದ್ದರು. ವಲಸೆ ಬಂದವರೂ ಅವರಿಂದ ಕಲಿತು ಕಲ್ಲಿಗೆ ಅಂತ ಕುಡಿದರು. ಅದು ಅವರ ತಿಳಿವಳಿಕೆ, ಅಳತೆ ಅವರಿಗೆ ಗೊತ್ತಿತ್ತು. ಈ ಗಿಡದ ಎಲೆ, ಮೊಗ್ಗಿನಲ್ಲಿ ಸೈನೈಡ್ ಬಿಡುವ ಅಂಶ ಇದೆ. ವಾಂತಿ, ಹೊಟ್ಟೆನೋವು ಬರುತ್ತದೆ. ನಾಯಿ, ಕುದುರೆಗೂ ಆಗುವುದಿಲ್ಲ. ಕಲ್ಲಿಗೆ ಡಾಕ್ಟರ ಹತ್ತಿರ ಹೋಗಿ.

ದರೆಮನೆ · ಜೂನ್ 19

ಜೇನುಗೂಡು ಅವರು ಹೇಳಿದ ಹಾಗೆ ಕೂತು ನೋಡಿದೆವು. ಅತ್ತೆ ಎಣಿಸುವುದನ್ನೇ ಬಿಟ್ಟರು, ಅಷ್ಟು ಹುಳ! ತೋಟದ ಕೆಲಸದವರಿಗೆ ದರೆ ಬೇಡ ಅಂತ ಹೇಳಿದ್ದೇನೆ. ಮೇಲಿನ ಅಂಚಿನಲ್ಲಿ ಓಡಾಡಲು ಒಂದು ಕಾಲುದಾರಿ ಸಾಕು.

ಇನ್ನೊಂದು ವಿಷಯ. ಕೆಲವು ಕಡ್ಡಿಯ ತುದಿಯಲ್ಲಿ ಎರಡು ಎಲೆ ಅಂಚಿಗೆ ಅಂಚು ಅಂಟಿಕೊಂಡು ಚೀಲದ ಹಾಗೆ ಆಗಿದೆ. ಬಿಡಿಸಿದರೆ ಒಳಗೆ ಹಸಿರು ಹುಳ. ಔಷಧಿ ಹೊಡೆಯಬೇಕಾ?

ಜೇನುಗೂಡು · ಜೂನ್ 19

ಬೇಡ ಬೇಡ. ಅದು ಹೈಡ್ರೇಂಜಿಯಾದ ಎಲೆ ಹೊಲಿಯುವ ಪತಂಗದ ಮರಿ. ಎರಡು ಎಲೆಯನ್ನು ರೇಷ್ಮೆಯಲ್ಲಿ ಹೊಲಿದು ಒಳಗೆ ಕೂರುತ್ತದೆ. ಗಿಡಕ್ಕೆ ಏನೂ ಆಗುವುದಿಲ್ಲ. ತೀರಾ ನೋಡಲು ಆಗದಿದ್ದರೆ ಆ ತುದಿ ಮಾತ್ರ ಚಿವುಟಿ. ಹಾಗೇ ಹುಡುಕುತ್ತಾ ಇರಿ, ಹಿಂದೆ ಸಣ್ಣ ಕೊಂಬಿರುವ ದಪ್ಪ ಹುಳ ಕಂಡರೆ ನಿಮ್ಮ ಅದೃಷ್ಟ. ಅದು ಹೈಡ್ರೇಂಜಿಯಾ ಸ್ಫಿಂಕ್ಸ್ ಪತಂಗದ ಮರಿ. ಅದರ ತಾಯಿ ಮೊಟ್ಟೆ ಇಡುವ ಕೆಲವೇ ಗಿಡಗಳಲ್ಲಿ ಇದೂ ಒಂದು. ದರೆ ಸವರಿದ್ದರೆ ಅದೂ ಹೋಗುತ್ತಿತ್ತು.

ಹೊಸಮನೆ · ನಾಕ್ಸ್‌ವಿಲ್ · ಜೂನ್ 21

ನಾನೂ ನಾಕ್ಸ್‌ವಿಲ್‌ನವನೇ. ನಮ್ಮದೂ ಉತ್ತರ ಮುಖದ ದರೆ, ಆದರೆ ಹಿಂದಿನವರು ಎಲ್ಲ ಕಡಿಸಿ ಹುಲ್ಲು ಹಾಕಿದ್ದರು. ಮಳೆಗೆ ಮಣ್ಣು ಕುಸಿಯುತ್ತಿದೆ. ಸ್ಮೋಕಿ ಬೆಟ್ಟದಲ್ಲಿ ಈ ಗಿಡ ಬೇಕಾದಷ್ಟು ಇದೆ. ಒಂದೆರಡು ಕಿತ್ತು ತಂದರೆ ಆಗಲ್ವಾ?

ನಕ್ಷೆಗಾರ · ಜೂನ್ 21

ಆಗುವುದಿಲ್ಲ. ಅದು ರಾಷ್ಟ್ರೀಯ ಉದ್ಯಾನ, ಅಲ್ಲಿಂದ ಗಿಡ ಕೀಳುವುದು ಅಪರಾಧ. ಕಿತ್ತರೂ ಜುಲೈ ಬಿಸಿಲಿಗೆ ಉಳಿಯುವುದಿಲ್ಲ.

ನಿಮ್ಮ ಯೋಚನೆ ಮಾತ್ರ ಸರಿ. ಇದು ಬುಡದಿಂದ ಪಕ್ಕಕ್ಕೆ ಮರಿ ಹಾಕುತ್ತಾ ಹರಡುತ್ತದೆ, ಬೇರಿನ ಬಲೆ ಮಣ್ಣು ಹಿಡಿಯುತ್ತದೆ. ದರೆ ಕುಸಿಯುವ ಕಡೆ ಒಳ್ಳೆಯದು. ಹತ್ತಿರದ ಬೀಜದಿಂದ ಬೆಳೆಸಿದ ಗಿಡ ಮಾರುವವರನ್ನು ಹುಡುಕಿ, ಇಲ್ಲವೇ ಯಾರಾದರೂ ತಮ್ಮ ಜಾಗದಿಂದ ಕೊಟ್ಟರೆ ತೆಗೆದುಕೊಳ್ಳಿ. ಚಳಿಗಾಲ ಮುಗಿಯುವಾಗ, ಎಲೆ ಬರುವ ಮೊದಲು ಬುಡ ಸೀಳಿ ನೆಡಬೇಕು. ಹೂ ಬರುವುದು ಆ ವರ್ಷದ ಹೊಸ ಚಿಗುರಿನಲ್ಲೇ. ಹಾಗಾಗಿ ಆಗ ಕಡ್ಡಿ ಮೋಟು ಮಾಡಿದರೂ ಹೂವಿಗೆ ನಷ್ಟ ಇಲ್ಲ. ಮೊದಲ ಎರಡು ವರ್ಷ ಜಿಂಕೆ ಮೇಯದ ಹಾಗೆ ಬಲೆ ಕಟ್ಟಿ.

ದರೆಮನೆ · ಜೂನ್ 22

ಹೊಸಮನೆ ಅವರೇ, ಬೇರೆ ಎಲ್ಲೂ ಹುಡುಕಬೇಡಿ. ನಮ್ಮ ದರೆಯ ಕೆಳಗಿನ ಸಾಲಿನಲ್ಲಿ ಒಂದು ಕಡ್ಡಿ ನೆಲಕ್ಕೆ ಒರಗಿ ತರಗೆಲೆಯ ಅಡಿ ಬೇರು ಬಿಟ್ಟಿದೆ. ಇವತ್ತೇ ಕೆಂಪು ದಾರ ಕಟ್ಟಿ ಗುರುತು ಮಾಡಿದ್ದೇನೆ. ಅದರ ಪಕ್ಕದ ಎರಡು ಪೊದೆಯ ಬುಡವೂ ಸೀಳಬಹುದು. ಮಾರ್ಚ್ ಮೊದಲ ವಾರ ಗುದ್ದಲಿ, ಒದ್ದೆ ಗೋಣಿ ತೆಗೆದುಕೊಂಡು ಬನ್ನಿ. ವೇದಿಕೆಯಲ್ಲೇ ಸಂದೇಶ ಹಾಕಿ, ದಾರಿ ಹೇಳುತ್ತೇನೆ.

ಅತ್ತೆ ಅಷ್ಟರಲ್ಲಿ ಊರಿಗೆ ಹೋಗಿರುತ್ತಾರೆ. ಯಾವ ಬುಡ ಕೊಡಬೇಕು ಅಂತ ಅವರೇ ಈಗ ಇಳಿದು ಆರಿಸುತ್ತಿದ್ದಾರೆ.